ನಡೆಯದ ನಾಲ್ಕನೆಯ ಹಾರಾಟ

ನಮ್ಮ ಪದವಿಪೂರ್ವ ಕಾಲೇಜಿನ ಭೌತವಿಜ್ಞಾನ ಪ್ರಯೋಗಾಲಯದ ಕಪಾಟಿನಲ್ಲಿ, ವರ್ನಿಯರ್ ಕ್ಯಾಲಿಪರ್‌ಗಳ ಪಕ್ಕದಲ್ಲಿ, ತಂಪು ಪಾನೀಯದ ಎರಡು ಲೀಟರ್ ಬಾಟಲಿಯೊಂದಿದೆ. ಅದರ ಹೊಟ್ಟೆ ಒಂದು ಗೇಣು ಉದ್ದಕ್ಕೆ ಸೀಳಿಹೋಗಿದೆ. ಸೀಳು ಶುರುವಾದ ಕಡೆ ಹಾಲು ತಾಗಿಸಿದಂತೆ ಒಂದು ಬಿಳಿ ಕಲೆ. ಕಾಲೇಜಿನ ಜವಾನರು ಎರಡು ಸಲ ಅದನ್ನು ಕಸದ ಬುಟ್ಟಿಗೆ ಹಾಕಿದ್ದರು, ಎರಡು ಸಲವೂ ನಾನು ಎತ್ತಿ ತಂದಿಟ್ಟೆ. ಅದರ ಹೆಸರು ಗುಬ್ಬಿ. ಮೂರು ಸಲ ಹಾರಿದ ನೀರಿನ ರಾಕೆಟ್ ಅದು, ಅಂದರೆ ಒಳಗೆ ಅದುಮಿದ ಗಾಳಿ ನೀರನ್ನು ಹೊರದೂಡುವ ರಭಸಕ್ಕೆ ಮೇಲೇರುವಂಥದ್ದು. ನಾಲ್ಕನೆಯ ಸಲ ಯಾಕೆ ಹಾರಲಿಲ್ಲ ಎಂಬುದು ಈ ಬರಹದ ವಿಷಯ.

ಮೊದಲು ಊರಿನ ಮಾತು. ಬೀದರ್ ಜಿಲ್ಲೆಯ ಮಕ್ಕಳಿಗೆ ಆಕಾಶ ಅಪರಿಚಿತ ಜಾಗವಲ್ಲ. ಬೀದರ್‌ನ ವಾಯುಪಡೆ ನೆಲೆಯಲ್ಲಿ ಪೈಲಟ್‌ಗಳು ಹಾಕ್ ವಿಮಾನಗಳಲ್ಲಿ ತರಬೇತಿ ಪಡೆಯುತ್ತಾರೆ, ಆಕಾಶದಲ್ಲಿ ಕಸರತ್ತು ತೋರಿಸುವ ಸೂರ್ಯಕಿರಣ ತಂಡದ ಮನೆಯೂ ಅದೇ. ಪಾಠದ ನಡುವೆ ಸದ್ದು ಕೇಳಿದರೆ ಇಡೀ ತರಗತಿ ಕಿಟಕಿಯ ಕಡೆ ವಾಲುತ್ತದೆ, ನಾನೂ ವಾಲುತ್ತೇನೆ. 2025ರ ಜನವರಿಯಲ್ಲಿ ಹುಮನಾಬಾದ್ ತಾಲೂಕಿನ ಜಲಸಂಗಿಯಲ್ಲಿ ಮನೆಯೊಂದರ ಮೇಲೆ ಹೈದರಾಬಾದ್‌ನ ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆಯ ದೊಡ್ಡ ಬಲೂನು ಉಪಕರಣಗಳ ಸಮೇತ ಬಂದಿಳಿಯಿತು. ಶಾಸನ ಬರೆಯುತ್ತಿರುವ ಶಿಲಾಬಾಲಿಕೆಯನ್ನು ನೋಡಲು ಜನ ಹೋಗುತ್ತಿದ್ದ ಊರಿಗೆ ಆ ವಾರ ಬಲೂನು ನೋಡಲು ಹೋದರು. ನನ್ನ ವಿದ್ಯಾರ್ಥಿಗಳನ್ನು ಹಿಡಿದು ನಿಲ್ಲಿಸಿದ್ದು ಬಲೂನಿನ ಗಾತ್ರವಲ್ಲ. ಉಪಕರಣದ ಪೆಟ್ಟಿಗೆಯನ್ನು ಹುಡುಕಿಕೊಂಡು ಸಂಸ್ಥೆಯವರು ಬರುತ್ತಾರೆ ಎಂಬ ಸಂಗತಿ. ಬಲೂನಿನ ಆಯುಷ್ಯ ಒಂದೇ ಹಾರಾಟ, ಪೆಟ್ಟಿಗೆಯದು ಹಾಗಲ್ಲ. ಅದು ಪ್ಯಾರಾಶೂಟ್ ಕಟ್ಟಿಕೊಂಡು ಇಳಿಯುತ್ತದೆ, ಮುಟ್ಟಬೇಡಿ ಎಂದು ಊರಿನ ಭಾಷೆಯಲ್ಲಿ ಚೀಟಿ ಹೊತ್ತಿರುತ್ತದೆ.

‘ಹಾಗಾದರೆ ರಾಕೆಟ್ಟನ್ನು ಯಾಕೆ ಬಿಸಾಡುತ್ತಾರೆ ಸರ್?’ ಎಂದು ಒಬ್ಬ ಕೇಳಿದ. ಆ ಪ್ರಶ್ನೆಯಿಂದ ಹುಟ್ಟಿದ್ದು ಸ್ಪರ್ಧೆ.

ನಿಯಮ ಬರೆದವನು ನಾನು

ನಿಯಮ ಸರಳವಾಗಿತ್ತು. ಬಾಟಲಿ, ನೀರು, ಸೈಕಲ್ ಪಂಪು. ಒತ್ತಡ ಐದು ಬಾರ್ ದಾಟಬಾರದು (ಒಂದು ಬಾರ್ ಎಂದರೆ ಹೆಚ್ಚುಕಡಿಮೆ ನಮ್ಮ ಸುತ್ತಲಿನ ಗಾಳಿಯ ಒತ್ತಡದಷ್ಟು). ಒಂದೇ ರಾಕೆಟ್ ಎರಡು ಗಂಟೆಗಳೊಳಗೆ ಐದು ಸಲ ಹಾರಿ, ಪ್ಯಾರಾಶೂಟಿನಲ್ಲಿ ಇಳಿಯಬೇಕು. ಪ್ರತಿ ಹಾರಾಟಕ್ಕೆ ಹತ್ತು ಅಂಕ, ಪ್ಯಾರಾಶೂಟ್ ಬಿಚ್ಚದಿದ್ದರೆ ಐದು. ಐದೂ ಹಾರಾಟ ಮುಗಿಸಿದವರಿಗೆ ಮತ್ತೆ ಇಪ್ಪತ್ತು. ಎತ್ತರಕ್ಕೆ ಅಂಕವೇ ಇಲ್ಲ. ಎತ್ತರಕ್ಕೆ ಅಂಕ ಕೊಟ್ಟರೆ ಮಕ್ಕಳು ಪಂಪು ಒತ್ತುತ್ತಲೇ ಇರುತ್ತಾರೆ ಎಂದು ನಾನು ಬಹಳ ಜಾಣತನದಿಂದ ಯೋಚಿಸಿದ್ದೆ. ಆ ಇಪ್ಪತ್ತು ಅಂಕದಲ್ಲಿ ಏನು ಅಡಗಿದೆ ಎಂಬುದು ಹೊಳೆದಿರಲಿಲ್ಲ.

ಗುಬ್ಬಿ ತಂಡದಲ್ಲಿ ಮೂವರು. ಪಂಪು ಹೊಡೆಯುವ ಹುಡುಗ, ದಾಖಲೆ ಪುಸ್ತಕ ಬರೆಯುವ ಹುಡುಗಿ, ಪ್ಯಾರಾಶೂಟ್ ಹೊಲಿದ ಹುಡುಗಿ. ಮೂರನೆಯವಳ ತಂದೆ ದರ್ಜಿ. ಹಳೆಯ ಛತ್ರಿಯ ಬಟ್ಟೆಯನ್ನು ಎಂಟು ಹೋಳಾಗಿ ಬಿಚ್ಚಿ, ಕತ್ತರಿಸಿ, ಅರವತ್ತು ಸೆಂಟಿಮೀಟರ್ ಅಗಲದ ಪ್ಯಾರಾಶೂಟ್ ಹೊಲಿದಿದ್ದಳು. ಅಗಲ ಊಹೆಯದಲ್ಲ. ರಾಕೆಟ್ಟಿನ ಖಾಲಿ ತೂಕ 180 ಗ್ರಾಂ, ಇಳಿಯುವ ವೇಗ ಸೆಕೆಂಡಿಗೆ ನಾಲ್ಕು ಮೀಟರ್ ದಾಟಬಾರದು ಎಂದು ಲೆಕ್ಕ ಹಾಕಿದರೆ ಕಾಲು ಚದರ ಮೀಟರ್ ಬಟ್ಟೆ ಬೇಕು. ಬಾಟಲಿಯ ಮೇಲೆ ಒಂದು ಚೀಟಿಯನ್ನೂ ಅಂಟಿಸಿದ್ದರು: ‘ಇದು ಅಪಾಯಕಾರಿ ವಸ್ತುವಲ್ಲ. ಸಿಕ್ಕವರು ದಯವಿಟ್ಟು ಕಾಲೇಜಿಗೆ ತಲುಪಿಸಿ.’ ನಲವತ್ತು ಮೀಟರ್ ಏರುವ ರಾಕೆಟ್ಟಿಗೆ ಇಷ್ಟು ಆತ್ಮವಿಶ್ವಾಸ!

ಅಭ್ಯಾಸದ ದಿನ ಪ್ಯಾರಾಶೂಟ್ ಇಲ್ಲದೆ ಹಾರಿಸಿ ನೋಡಿದರು. ಮೂವತ್ತು ಮೀಟರ್ ದೂರದಲ್ಲಿ ನಿಂತು ಕೋನಮಾಪಕಕ್ಕೆ ದಾರ ಕಟ್ಟಿ ಅಳೆದರೆ 56 ಡಿಗ್ರಿ, ಅಂದರೆ ಸುಮಾರು 46 ಮೀಟರ್. ಪ್ಯಾರಾಶೂಟ್, ಅದರ ಗೂಡು, ಮೂತಿಗೆ ಸ್ಪಂಜು ಎಲ್ಲ ಸೇರಿಸಿದ ಮೇಲೆ 50 ಡಿಗ್ರಿ, 37 ಮೀಟರ್. ಪಂಪಿನ ಹುಡುಗನಿಗೆ ಬೇಸರವಾಯಿತು. ಅವನಿಗೆ ಅಮೆರಿಕದ ಸ್ಪೇಸ್ಎಕ್ಸ್ ಕಂಪನಿಯ ಫಾಲ್ಕನ್ 9 ರಾಕೆಟ್ಟಿನ ಲೆಕ್ಕ ಹೇಳಿದೆ. ಮರಳಿ ತರುವ ಆಸೆ ಬಿಟ್ಟು ಹಾರಿಸಿದರೆ ಅದು ಭೂಸ್ಥಿರ ವರ್ಗಾವಣೆ ಕಕ್ಷೆಗೆ (ದೂರಸಂಪರ್ಕ ಉಪಗ್ರಹಗಳು ಎತ್ತರದ ತಮ್ಮ ಜಾಗಕ್ಕೆ ಹೋಗುವಾಗ ಹಿಡಿಯುವ ನಡುದಾರಿಗೆ) 8,300 ಕೆ.ಜಿ. ಒಯ್ಯುತ್ತದೆ, ಕೆಳಹಂತವನ್ನು ಉಳಿಸಿಕೊಳ್ಳಬೇಕೆಂದರೆ 5,500 ಕೆ.ಜಿ. ಇಳಿಯಲು ಬೇಕಾದ ಇಂಧನ, ಕಾಲುಗಳು, ಜಾಲರಿ ರೆಕ್ಕೆಗಳು ಎಲ್ಲವೂ ಸರಕಿನ ಪಾಲನ್ನು ತಿನ್ನುತ್ತವೆ. ‘ಹೋಗಿ ಬರುವವನು ಬುತ್ತಿ ಎರಡು ಹೊತ್ತಿಗೆ ಕಟ್ಟಿಕೊಳ್ಳಬೇಕು’ ಎಂದೆ. ಅವನು ಒಪ್ಪಿದ, ಮುಖದಲ್ಲಲ್ಲ.

ಬಿಸಿಯಾದ ಪಂಪು

ಫೆಬ್ರುವರಿಯ ಒಂದು ಭಾನುವಾರ. ವಾಯುಪಡೆ ನೆಲೆಯಿಂದ ದೂರವಿರಲಿ ಎಂದು ಹುಮನಾಬಾದ್ ಕಡೆಯ, ತೊಗರಿ ಕೊಯ್ದ ಹೊಲವನ್ನು ಆರಿಸಿದ್ದೆವು. ಠಾಣೆಗೂ ತಿಳಿಸಿದ್ದೆವು. ತೊಗರಿ ಕೊಯ್ದ ಹೊಲದಲ್ಲಿ ನಡೆದವರಿಗೆ ಗೊತ್ತು: ಕುಡುಗೋಲು ಓರೆಯಾಗಿ ಕತ್ತರಿಸಿ ಬಿಟ್ಟ ಕೂಳೆ ಒಂದೊಂದೂ ಮೊಳೆ. ಪ್ಯಾರಾಶೂಟಿಗೆ ಇದಕ್ಕಿಂತ ಕೆಟ್ಟ ಇಳಿದಾಣ ಬೇರೆ ಇಲ್ಲ. ಬೇಕೆಂದೇ ಆರಿಸಿದ್ದೆ ಎಂದು ಹೇಳಿಕೊಳ್ಳಬಹುದು, ನಿಜವೇನೆಂದರೆ ಬೇರೆ ಯಾರೂ ಹೊಲ ಕೊಡಲಿಲ್ಲ.

ಮೊದಲ ಹಾರಾಟಕ್ಕೆ ಪಂಪು ಹೊಡೆಯುತ್ತಿದ್ದ ಹುಡುಗ ನಾಲ್ಕು ಬಾರ್ ದಾಟುವಷ್ಟರಲ್ಲಿ ಕೈ ಕಿತ್ತುಕೊಂಡ. ಪಂಪಿನ ಬುಡ ಸುಡುತ್ತಿತ್ತು. ಉಜ್ಜಾಟದಿಂದ ಬಿಸಿಯಾಯಿತು ಎಂದು ಅವನ ಊಹೆ. ಸ್ವಲ್ಪ ಅದೂ ಹೌದು, ಆದರೆ ಹೆಚ್ಚಿನ ಬಿಸಿ ಗಾಳಿಯನ್ನು ಅದುಮಿದ್ದರಿಂದ ಬಂದದ್ದು. ಕಕ್ಷೆಯಿಂದ ಮರಳುವ ನೌಕೆಯ ಮೂತಿಯನ್ನು ಕೆಂಪಗೆ ಕಾಯಿಸುವುದೂ ಮುಖ್ಯವಾಗಿ ಇದೇ. ಅಷ್ಟು ವೇಗದಲ್ಲಿ ಬರುವ ವಸ್ತುವಿನ ಮುಂದಿನ ಗಾಳಿಗೆ ಪಕ್ಕಕ್ಕೆ ಸರಿಯಲು ಸಮಯವೇ ಸಿಗುವುದಿಲ್ಲ, ಇದ್ದಲ್ಲೇ ಅದುಮಿಕೊಂಡು ಕಾಯುತ್ತದೆ. ಗುಬ್ಬಿಯ ಗರಿಷ್ಠ ವೇಗ ಸೆಕೆಂಡಿಗೆ ಮೂವತ್ತು ಮೀಟರ್ ಎಂದಿಟ್ಟುಕೊಳ್ಳೋಣ. ಭೂಮಿಯ ಕೆಳಕಕ್ಷೆಯ ವೇಗ ಸುಮಾರು 7,800 ಮೀಟರ್, ಅಂದರೆ 260 ಪಟ್ಟು. ಚಲನಶಕ್ತಿ ವೇಗದ ವರ್ಗದಂತೆ ಏರುವುದರಿಂದ ಪ್ರತಿ ಕೆ.ಜಿ.ಗೆ 67,600 ಪಟ್ಟು ಶಕ್ತಿ. ಇಳಿಯುವ ಮುನ್ನ ಅಷ್ಟನ್ನೂ ಎಲ್ಲಾದರೂ ಸುರಿಯಲೇಬೇಕು. ಪಂಪಿನ ಬುಡ ಮುಟ್ಟಿದ ಹುಡುಗನಿಗೆ ಈ ಲೆಕ್ಕ ಮರೆಯುವುದಿಲ್ಲ ಎಂದು ನನ್ನ ನಂಬಿಕೆ.

ಮೊದಲ ಹಾರಾಟ ಚೆಂದವಾಗಿ ನಡೆಯಿತು. ಒಂಬತ್ತು ಸೆಕೆಂಡು ತೇಲುತ್ತಾ ಇಳಿಯಿತು. ಎರಡನೆಯದರಲ್ಲಿ ಪ್ಯಾರಾಶೂಟ್ ತಡವಾಗಿ ಬಿಚ್ಚಿತು, ಕೂಳೆಗೆ ಸಿಕ್ಕಿ ಒಂದು ಹೋಳು ಹರಿಯಿತು. ದರ್ಜಿಯ ಮಗಳು ಹೊಲದ ಬದುವಿನಲ್ಲಿ ಕುಳಿತು ಹನ್ನೆರಡು ನಿಮಿಷಗಳಲ್ಲಿ ಹೊಲಿದು ಮುಗಿಸಿದಳು. ಮೂರನೆಯ ಹಾರಾಟದಲ್ಲಿ ಮೂತಿಯ ಟೊಪ್ಪಿಗೆ ಒದ್ದೆಯಾಗಿ ಕಚ್ಚಿಕೊಂಡು ಬಿಚ್ಚಲೇ ಇಲ್ಲ. ಗುಬ್ಬಿ ತಲೆಕೆಳಗಾಗಿ ಬಂದು ನೆಲಕ್ಕೆ ಬಡಿಯಿತು. ಸ್ಪಂಜು ಇದ್ದ ಮೂತಿ ನಜ್ಜುಗುಜ್ಜಾಯಿತು, ಬಾಟಲಿ ಮಾತ್ರ ನೋಡಲು ಗಟ್ಟಿಯಾಗಿಯೇ ಇತ್ತು.

ಗಡಿಯಾರ 11:25. ಉಳಿದದ್ದು ಮೂವತ್ತೈದು ನಿಮಿಷ, ಎರಡು ಹಾರಾಟ, ನಲವತ್ತು ಅಂಕ. ಪಂಪಿನ ಹುಡುಗ ಆಗಲೇ ಹೊಸ ಮೂತಿ ಅಂಟಿಸುತ್ತಿದ್ದ.

‘ಹಿಂದಿನ ಸಲವೂ ಇತ್ತು’

ದಾಖಲೆ ಪುಸ್ತಕದ ಹುಡುಗಿ ಬಂದು ಪುಟ ತೋರಿಸಿದಳು. ಮೂರು ಸಾಲುಗಳನ್ನು ಇದ್ದಂತೆಯೇ ಬರೆಯುತ್ತೇನೆ.

ಮೊದಲ ಹಾರಾಟದ ನಂತರ: ‘ಎರಡನೆಯ ರೆಕ್ಕೆಯ ಬುಡದಲ್ಲಿ ಬಿಳಿ ಗೆರೆ, ಕೂದಲೆಳೆಯಷ್ಟು. ತೊಂದರೆ ಇಲ್ಲ.’

ಎರಡನೆಯದರ ನಂತರ: ‘ಬಿಳಿ ಕಲೆ ಜೋಳದ ಕಾಳಿನಷ್ಟು. ಹಿಂದಿನ ಸಲವೂ ಇತ್ತು. ತೊಂದರೆ ಇಲ್ಲ.’

ಮೂರನೆಯದರ ನಂತರ: ‘ಕಡಲೆ ಕಾಳಿನಷ್ಟು.’ ಮುಂದೆ ಏನೂ ಬರೆದಿರಲಿಲ್ಲ. ಅಲ್ಲಿಗೆ ಪೆನ್ನು ನಿಲ್ಲಿಸಿ ನನ್ನ ಬಳಿ ಬಂದಿದ್ದಳು.

ಎರಡನೆಯ ಸಾಲನ್ನು ಓದಿದಾಗ ನನಗೆ ಚಾಲೆಂಜರ್ ಎಂಬ ಷಟಲ್ ನೌಕೆ ನೆನಪಾಯಿತು. ಅಮೆರಿಕದ ಬಾಹ್ಯಾಕಾಶ ಷಟಲ್‌ನ ಪಕ್ಕದ ಎರಡು ಘನ ಇಂಧನದ ಬೂಸ್ಟರ್‌ಗಳು ಕೆಲಸ ಮುಗಿಸಿ ಪ್ಯಾರಾಶೂಟಿನಲ್ಲಿ ಸಮುದ್ರಕ್ಕಿಳಿಯುತ್ತಿದ್ದವು. ಹಡಗುಗಳು ಅವನ್ನು ಎಳೆದು ತರುತ್ತಿದ್ದವು, ಬಿಚ್ಚಿ, ತೊಳೆದು, ಮತ್ತೆ ಬಳಸುತ್ತಿದ್ದರು. ಹೀಗೆ ಬಿಚ್ಚಿದಾಗಲೇ, 1981ರ ಎರಡನೆಯ ಹಾರಾಟದ ನಂತರ, ಜೋಡಣೆಯ ರಬ್ಬರ್ ಉಂಗುರವನ್ನು ಬಿಸಿ ಅನಿಲ ಕೊರೆದದ್ದು ಕಂಡಿತ್ತು. ಮುಂದಿನ ವರ್ಷಗಳಲ್ಲಿ ಮತ್ತೆ ಮತ್ತೆ ಕಂಡಿತು. ಪ್ರತಿ ಸಲವೂ ನೌಕೆ ಸುರಕ್ಷಿತವಾಗಿ ಮರಳಿತ್ತು, ಆದ್ದರಿಂದ ಕೊರೆತವೇ ವಾಡಿಕೆಯಾಯಿತು. 1986ರ ಜನವರಿ 28ರ ಕೊರೆಯುವ ಚಳಿಯ ಬೆಳಿಗ್ಗೆ ಉಂಗುರ ಸೆಡೆತುಕೊಂಡಿತ್ತು. ಹಾರಿದ 73 ಸೆಕೆಂಡುಗಳಲ್ಲಿ ಚಾಲೆಂಜರ್ ಒಡೆದುಹೋಯಿತು, ಒಳಗಿದ್ದ ಏಳು ಜನರ ಕಥೆ ಮುಗಿಯಿತು. ಆಮೇಲೆ ಭೌತವಿಜ್ಞಾನಿ ರಿಚರ್ಡ್ ಫೈನ್‌ಮನ್ ವಿಚಾರಣೆಯ ಮೇಜಿನ ಮೇಲೆ ಮಂಜುಗಡ್ಡೆ ಹಾಕಿದ ನೀರಿನ ಲೋಟದಲ್ಲಿ ಆ ರಬ್ಬರಿನ ತುಂಡನ್ನು ಅದ್ದಿ, ತಣ್ಣಗಾದರೆ ಅದು ಪುಟಿಯುವುದಿಲ್ಲ ಎಂದು ತೋರಿಸಿದರು. ಜನರಿಗೆ ನೆನಪಿರುವುದು ಆ ಲೋಟ. ನನಗೆ ಹೆಚ್ಚು ಕಾಡುವುದು ಅದಕ್ಕೂ ನಾಲ್ಕು ವರ್ಷ ಮೊದಲೇ ಸಮುದ್ರದಿಂದ ಮರಳಿ ಬಂದು ಸಾಕ್ಷಿ ಹೇಳಿದ ಬೂಸ್ಟರ್.

ರಾಕೆಟ್ ಮರುಬಳಕೆಯ ಬಗ್ಗೆ ಪತ್ರಿಕೆಗಳಲ್ಲಿ ಬರುವುದೆಲ್ಲ ಹಣದ ಮಾತು. ಒಮ್ಮೆ ಕಟ್ಟಿ ಹತ್ತು ಸಲ ಹಾರಿಸಿದರೆ ಎಷ್ಟು ಉಳಿತಾಯ, ಇತ್ಯಾದಿ. ನನಗೆ ಅದಕ್ಕಿಂತ ದೊಡ್ಡ ಲಾಭ ಬೇರೆ ಕಾಣುತ್ತದೆ. ಬಿಸಾಡಿದ ರಾಕೆಟ್ ತನಗೆ ಏನಾಯಿತೆಂದು ಹೇಳಲು ಬರುವುದಿಲ್ಲ. ಮರಳಿದ್ದು ಮೈಮೇಲಿನ ಗಾಯ ತೋರಿಸುತ್ತದೆ. 1967ರ ಅಕ್ಟೋಬರ್ 3ರಂದು ಪೀಟ್ ನೈಟ್ ಎಕ್ಸ್-15 ರಾಕೆಟ್ ವಿಮಾನವನ್ನು ಗಂಟೆಗೆ 7,274 ಕಿ.ಮೀ. ವೇಗದಲ್ಲಿ, ಶಬ್ದಕ್ಕಿಂತ 6.7 ಪಟ್ಟು ವೇಗದಲ್ಲಿ ಹಾರಿಸಿದರು. ಮೂರು ವಿಮಾನಗಳು ಸೇರಿ 199 ಸಲ ಹಾರಿದ ಯೋಜನೆ ಅದು, ಮರುಬಳಕೆಯ ಅಜ್ಜ ಎನ್ನಬಹುದು. ಆ ದಿನ ಇಳಿದ ವಿಮಾನದ ಹೊಟ್ಟೆಯ ಕೆಳಗಿನ ರೆಕ್ಕೆಯಲ್ಲಿ ಸುಟ್ಟು ತೂತು ಬಿದ್ದಿತ್ತು. ಅಲ್ಲಿ ತೂಗುಹಾಕಿದ್ದ ಅಣಕು ಎಂಜಿನ್ನಿನಿಂದ ಹೊರಟ ಆಘಾತ ಅಲೆ (ಶಬ್ದವನ್ನು ಮೀರಿದ ವೇಗದಲ್ಲಿ ಗಾಳಿ ದಿಢೀರನೆ ಅದುಮಿಕೊಂಡು ಹುಟ್ಟುವ ಅಲೆ) ಒಂದೇ ಜಾಗಕ್ಕೆ ಬಡಿದು ನಿಕ್ಕಲ್ ಮಿಶ್ರಲೋಹವನ್ನು ಕೊರೆದಿತ್ತು. ಆಘಾತ ಅಲೆಗಳು ಹೀಗೂ ಮಾಡಬಲ್ಲವು ಎಂದು ಎಂಜಿನಿಯರ್‌ಗಳು ಕಣ್ಣಾರೆ ಕಂಡದ್ದು ವಿಮಾನ ಮರಳಿದ್ದರಿಂದ. ಆ ವಿಮಾನ ಮತ್ತೆಂದೂ ಹಾರಲಿಲ್ಲ.

ಹೊಲಕ್ಕೆ ಮರಳೋಣ. ಇಷ್ಟೆಲ್ಲ ಗೊತ್ತಿದ್ದ ನಾನು ಏನು ಹೇಳಿದೆ? ‘ಒತ್ತಡ ಮೂರು ಬಾರ್‌ಗೆ ಇಳಿಸಿ ಹಾರಿಸಿ, ನಡೆಯುತ್ತದೆ’ ಎಂದೆ. ಮಕ್ಕಳ ಮುಖ ನೋಡಿ ಮನಸ್ಸು ಕರಗಿತ್ತು, ಅಂಕಗಳ ಪಟ್ಟಿ ಕೈಯಲ್ಲಿತ್ತು.

ದಾಖಲೆಯ ಹುಡುಗಿ ಕೇಳಿದಳು: ‘ಸರ್, ಮೂರು ಎಂಬ ಸಂಖ್ಯೆ ಎಲ್ಲಿಂದ ಬಂತು?’

ಎಲ್ಲಿಂದಲೂ ಬಂದಿರಲಿಲ್ಲ. ಐದಕ್ಕಿಂತ ಕಡಿಮೆ ಇತ್ತು, ಅಷ್ಟೆ.

ನೀರು ತುಂಬಿಸಿ ನೋಡಿದ್ದು

ಆಗ ಮಾಡಿದ್ದು ಬಾಯ್ಲರ್ ಕಾರ್ಖಾನೆಗಳ ಹಳೆಯ ಪರೀಕ್ಷೆ. ಗುಬ್ಬಿಗೆ ಕಂಠಪೂರ್ತಿ ನೀರು ತುಂಬಿಸಿ, ಒದ್ದೆ ಗೋಣಿಚೀಲ ಹೊದಿಸಿ, ಎಲ್ಲರನ್ನೂ ಹಗ್ಗದ ಆಚೆ ನಿಲ್ಲಿಸಿ ಪಂಪು ಹೊಡೆಯುವುದು. ಗಾಳಿಯನ್ನು ಅದುಮಿದರೆ ಅದು ಸ್ಪ್ರಿಂಗಿನಂತೆ ಶಕ್ತಿ ಕೂಡಿಡುತ್ತದೆ. ಹಾರಾಟಕ್ಕೆ ಸಿದ್ಧವಾದ ಬಾಟಲಿಯಲ್ಲಿ, ಅಂದರೆ ಮೂರನೆಯ ಒಂದು ಭಾಗ ನೀರು, ಉಳಿದದ್ದು ಐದು ಬಾರ್ ಗಾಳಿ ಇದ್ದಾಗ, ಹತ್ತು ಕೆ.ಜಿ. ಕಲ್ಲನ್ನು ಐದು ಮೀಟರ್ ಮೇಲಿಂದ ಬಿಟ್ಟಷ್ಟು ಶಕ್ತಿ ಹೆಚ್ಚುಕಡಿಮೆ ಕೂತಿರುತ್ತದೆ. ನೀರು ಅದುಮಿಸಿಕೊಳ್ಳುವುದಿಲ್ಲ. ಪೂರ್ತಿ ನೀರು ತುಂಬಿದ ಬಾಟಲಿ ಒಡೆದರೂ ಸಿಡಿಯುವುದಿಲ್ಲ.

ಒತ್ತಡಮಾಪಕದ ಮುಳ್ಳು ಮೂರು ದಾಟಿತು. ಪಂಪಿನ ಹುಡುಗ ನನ್ನನ್ನು ನೋಡಿದ. ನಾಲ್ಕು ದಾಟಿತು. ಅಲ್ಲಿಂದ ಸ್ವಲ್ಪ ಮುಂದೆ, ಗೋಣಿಚೀಲದ ಅಡಿಯಿಂದ ಸೂಜಿಯಷ್ಟು ತೆಳ್ಳನೆಯ ನೀರಿನ ಎಳೆಯೊಂದು ಹೊರಬಿತ್ತು. ಹಿಂದೆಯೇ ಪಟ್ ಎಂದು ಮೊಂಡು ಸದ್ದು. ಗೋಣಿಚೀಲ ಒಮ್ಮೆ ಉಸಿರೆಳೆದಂತೆ ಉಬ್ಬಿ ಕುಸಿಯಿತು, ಅಡಿಯಿಂದ ನೀರು ಹರಿದು ಎರೆಮಣ್ಣಿಗೆ ಇಂಗಿತು. ಚೀಲ ತೆಗೆದರೆ ಗೇಣುದ್ದದ ಸೀಳು, ಶುರುವಾದದ್ದು ಬಿಳಿ ಕಲೆಯಿಂದಲೇ.

ಸ್ವಲ್ಪ ಹೊತ್ತು ಯಾರೂ ಮಾತನಾಡಲಿಲ್ಲ. ನಂತರ ಪಂಪಿನ ಹುಡುಗ ಹೇಳಿದ: ‘ಮೂರಕ್ಕೆ ಹಾರಿಸಿದ್ದರೆ ಹಾರುತ್ತಿತ್ತು ಸರ್.’

ಅವನ ಮಾತು ಅಲ್ಲಗಳೆಯುವಂಥದ್ದಲ್ಲ. ಮೂರರಲ್ಲಿ ಬಾಟಲಿ ಗಟ್ಟಿಯಾಗಿಯೇ ಇತ್ತು. ನನ್ನ ಊಹೆಯ ಸಂಖ್ಯೆ ಆ ದಿನದ ಮಟ್ಟಿಗೆ ಸರಿಯೇ ಆಗಿಬಿಡುತ್ತಿತ್ತು. ನಾಲ್ಕನೆಯ ಹಾರಾಟ ಮುಗಿದು, ಪುಸ್ತಕದಲ್ಲಿ ‘ಹಿಂದಿನ ಸಲವೂ ಇತ್ತು’ ಎಂದು ಇನ್ನೊಂದು ಸಾಲು ಸೇರುತ್ತಿತ್ತು. ಐದನೆಯದಕ್ಕೆ ಇಪ್ಪತ್ತು ಹೆಚ್ಚುವರಿ ಅಂಕಗಳಿದ್ದವು. ಅವನು ಮೂರರಲ್ಲೇ ನಿಲ್ಲಿಸುತ್ತಿದ್ದನೇ? ನಾನು ನಿಲ್ಲಿಸುತ್ತಿದ್ದೆನೇ?

ಕಾರಣ ಸಿಕ್ಕಿದ್ದು ಮರುದಿನ, ಕಾಲೇಜಿನಲ್ಲಿ. ಗುಬ್ಬಿಯ ರೆಕ್ಕೆಗಳನ್ನು ಗ್ಲೂ ಗನ್ನಿನಿಂದ ನೇರವಾಗಿ ಬಾಟಲಿಗೇ ಅಂಟಿಸಿದ್ದರು. ಕರಗಿದ ಅಂಟಿನ ಬಿಸಿ ನೂರು ಡಿಗ್ರಿಗಿಂತ ಬಹಳ ಮೇಲೆ. ಈ ಪ್ಲಾಸ್ಟಿಕ್ ಎಪ್ಪತ್ತು ಎಂಬತ್ತು ಡಿಗ್ರಿಗೇ ಮೆತ್ತಗಾಗುತ್ತದೆ. ಬಾಟಲಿಯ ಬಲವೆಲ್ಲ ಕಾರ್ಖಾನೆಯಲ್ಲಿ ಅದನ್ನು ಹಿಗ್ಗಿಸಿ ಊದಿದ್ದರಿಂದ ಬಂದದ್ದು, ಬಿಸಿ ತಗುಲಿದ ಕಡೆ ಆ ಬಲ ಹೋಗುತ್ತದೆ. ಗುಬ್ಬಿಯ ಗಾಯ ಹಾರುವ ಮೊದಲೇ ಆಗಿತ್ತು, ಪ್ರತಿ ಹಾರಾಟವೂ ಅದನ್ನು ಅಗಲ ಮಾಡಿತು. ಸ್ಪರ್ಧೆ ಗೆದ್ದ ತಂಡದವರು ರೆಕ್ಕೆಗಳನ್ನು ಬರಿಯ ಟೇಪಿನಿಂದ ಸುತ್ತಿದ್ದರು. ನೋಡಲು ಮುರಿದ ಕಾಲಿಗೆ ಪಟ್ಟಿ ಕಟ್ಟಿದಂತಿತ್ತು. ಐದು ಸಲವೂ ಹಾರಿತು. ಗ್ಲೂ ಗನ್ ಕೊಳ್ಳಲು ಅವರ ಬಳಿ ಹಣವಿರಲಿಲ್ಲ, ಅದೇ ಅವರನ್ನು ಕಾಪಾಡಿತು.

ಚಳ್ಳಕೆರೆಯಿಂದ ಕಲಿತದ್ದು

ಗುಬ್ಬಿ-2 ಕಟ್ಟುವಾಗ ಮಕ್ಕಳ ಮುಂದೆ ಇಟ್ಟದ್ದು ನಮ್ಮದೇ ರಾಜ್ಯದ ಉದಾಹರಣೆ. ಇಸ್ರೋ ತನ್ನ ರೆಕ್ಕೆಯುಳ್ಳ ಮರುಬಳಕೆ ವಾಹನವನ್ನು 2016ರ ಮೇ 23ರಂದು ಶ್ರೀಹರಿಕೋಟಾದಿಂದ ಹಾರಿಸಿತ್ತು. ಅದು 65 ಕಿ.ಮೀ. ಎತ್ತರಕ್ಕೇರಿ, ಶಬ್ದದ ಐದು ಪಟ್ಟು ವೇಗದಲ್ಲಿ ಮರಳಿ ಬಂಗಾಳಕೊಲ್ಲಿಗೆ ಇಳಿಯಿತು. ಮುಂದಿನ ಪಾಠ ನೆಲದ ಮೇಲೆ ಇಳಿಯುವುದು. 2023ರ ಏಪ್ರಿಲ್ 2ರಂದು ಚಿತ್ರದುರ್ಗ ಜಿಲ್ಲೆಯ ಚಳ್ಳಕೆರೆ ಬಳಿಯ ಪರೀಕ್ಷಾ ವಲಯದಲ್ಲಿ ವಾಯುಪಡೆಯ ಚಿನೂಕ್ ಹೆಲಿಕಾಪ್ಟರ್ ವಾಹನವನ್ನು ನಾಲ್ಕೂವರೆ ಕಿ.ಮೀ. ಎತ್ತರಕ್ಕೆ ಒಯ್ದು ಕೈಬಿಟ್ಟಿತು. ಅದು ತಾನೇ ದಾರಿ ಹುಡುಕಿಕೊಂಡು ಓಡುದಾರಿಗೆ ಇಳಿಯಿತು. ಆ ಇಳಿತದಲ್ಲಿ ಕಂಡದ್ದನ್ನು ಓದಿ, ಮೈಕಟ್ಟನ್ನೂ ಗಾಲಿಗಳ ವ್ಯವಸ್ಥೆಯನ್ನೂ ಗಟ್ಟಿ ಮಾಡಿ 2024ರ ಮಾರ್ಚ್ 22ರಂದು ಮತ್ತೆ ಇಳಿಸಿದರು. ಈ ಸಲ ಅದರ ಹೆಸರು ಪುಷ್ಪಕ. ಅದೇ ದೇಹವನ್ನು, ಅದೇ ಉಪಕರಣಗಳನ್ನು ಯಾವ ಬದಲಾವಣೆಯೂ ಇಲ್ಲದೆ ಜೂನ್ 23ರಂದು ಮೂರನೆಯ ಸಲ, ಓಡುದಾರಿಯ ನೇರದಿಂದ 500 ಮೀಟರ್ ಪಕ್ಕಕ್ಕೆ ಕೈಬಿಟ್ಟರು. ಗಂಟೆಗೆ 320 ಕಿ.ಮೀ.ಗೂ ಹೆಚ್ಚಿನ ವೇಗದಲ್ಲಿ ನೆಲ ಮುಟ್ಟಿತು, ಪ್ಯಾರಾಶೂಟ್ ಬಿಚ್ಚಿ ವೇಗವನ್ನು ನೂರರ ಹತ್ತಿರಕ್ಕೆ ಇಳಿಸಿತು.

ಎರಡನೆಯದಕ್ಕೂ ಮೂರನೆಯದಕ್ಕೂ ನಡುವೆ 93 ದಿನಗಳು. ಮರುಬಳಕೆಯ ಕಸುಬೆಲ್ಲ ಇರುವುದು ಇಂಥ ದಿನಗಳಲ್ಲಿ. ಫಾಲ್ಕನ್ 9ರ ಮೊದಲ ಮರುಬಳಕೆಗೆ, 2016ರ ಏಪ್ರಿಲ್‌ನಲ್ಲಿ ಇಳಿದ ಬೂಸ್ಟರ್, ಅಂದರೆ ಕೆಳಹಂತ, 2017ರ ಮಾರ್ಚ್ 30ರಂದು ಮತ್ತೆ ಏರುವಾಗ, ಸುಮಾರು ಒಂದು ವರ್ಷ ಹಿಡಿದಿತ್ತು. 2025ರ ಮಾರ್ಚ್‌ನಲ್ಲಿ ಇನ್ನೊಂದು ಬೂಸ್ಟರ್ ಒಂಬತ್ತೇ ದಿನಗಳಲ್ಲಿ ಮತ್ತೆ ಹಾರಿತು. ಮೂವತ್ತಕ್ಕೂ ಹೆಚ್ಚು ಸಲ ಹಾರಿದ ಬೂಸ್ಟರ್ ಕೂಡ ಸ್ಪೇಸ್ಎಕ್ಸ್ ಬಳಿ ಇದೆ. ಎಲ್ಲಿ ನೋಡಬೇಕು, ಎಲ್ಲಿ ನೋಡಬೇಕಾಗಿಲ್ಲ ಎಂದು ತಿಳಿಯದೆ ದಿನಗಳನ್ನು ಹೀಗೆ ಕತ್ತರಿಸಲು ಆಗುವುದಿಲ್ಲ. ಷಟಲ್ ಇದಕ್ಕೆ ತದ್ವಿರುದ್ಧ. ನೌಕೆಯ ಮೈಮೇಲೆ ಬಿಸಿ ತಡೆಯಲು ಅಂಟಿಸಿದ್ದ ಇಪ್ಪತ್ತನಾಲ್ಕು ಸಾವಿರದಷ್ಟು ಬಿಲ್ಲೆಗಳನ್ನು ಒಂದೊಂದಾಗಿ ನೋಡಬೇಕಿತ್ತು. ಎಲ್ಲ ನೌಕೆಗಳೂ ಸೇರಿ ಒಂದು ವರ್ಷದಲ್ಲಿ ಹೆಚ್ಚೆಂದರೆ ಒಂಬತ್ತು ಸಲ ಹಾರಿದವು, ಅದು 1985. ಮುಂದಿನ ಜನವರಿಯಲ್ಲೇ ಚಾಲೆಂಜರ್.

ಗುಬ್ಬಿ-2ರ ರೆಕ್ಕೆಗಳು ಬಾಟಲಿಯನ್ನು ಮುಟ್ಟುವುದೇ ಇಲ್ಲ. ಇನ್ನೊಂದು ಬಾಟಲಿಯ ನಡುಭಾಗವನ್ನು ಬಳೆಯಂತೆ ಕತ್ತರಿಸಿ, ರೆಕ್ಕೆಗಳನ್ನು ಅದಕ್ಕೆ ಅಂಟಿಸಿ, ಆರಿದ ಮೇಲೆ ತೊಡಿಸಿದ್ದಾರೆ. ಬಳೆ ಕಳಚಿದರೆ ಒತ್ತಡ ತಡೆಯುವ ಬಾಟಲಿಯ ಇಡೀ ಮೈಯನ್ನು ಬಿಸಿಲಿಗೆ ಹಿಡಿದು ನೋಡಬಹುದು. ಪ್ರತಿ ಹಾರಾಟದ ನಂತರ ಕಳಚಿ ನೋಡಲು ನಾಲ್ಕು ನಿಮಿಷ. ಪುಸ್ತಕದಲ್ಲಿ ‘ತೊಂದರೆ ಇಲ್ಲ’ ಎಂಬ ಅಂಕಣವನ್ನು ಹುಡುಗಿಯೇ ತೆಗೆದುಹಾಕಿದಳು. ಈಗ ಇರುವುದು ಎರಡು ಅಂಕಣ: ‘ಏನು ಕಂಡಿತು’, ‘ಹಿಂದಿನ ಸಲಕ್ಕಿಂತ ಎಷ್ಟು’. ನಾನೂ ನಿಯಮ ತಿದ್ದಿದೆ. ಇಪ್ಪತ್ತು ಅಂಕ ಹೋಯಿತು. ಕಾರಣ ತೋರಿಸಿ ಹಾರಾಟ ನಿಲ್ಲಿಸಿದ ತಂಡಕ್ಕೆ ಹಾರಾಟದಷ್ಟೇ ಅಂಕ.

ಫೆಬ್ರುವರಿ 28ರ ವಿಜ್ಞಾನ ದಿನದಂದು ಗುಬ್ಬಿ-2 ಆರು ಸಲ ಹಾರಿತು, ಮರುವಾರ ಇನ್ನಾರು ಸಲ. ಹನ್ನೆರಡರ ನಂತರ ದಾಖಲೆಯ ಹುಡುಗಿ ಅದನ್ನು ನಿವೃತ್ತಿಗೊಳಿಸಬೇಕು ಎಂದಳು. ಬಾಟಲಿಯಲ್ಲಿ ಒಂದೂ ಕಲೆ ಇರಲಿಲ್ಲ. ಪಂಪಿನ ಹುಡುಗ ಸೊಂಟದ ಮೇಲೆ ಕೈಯಿಟ್ಟು ನಿಂತು, ನಾನು ಇದಕ್ಕಾಗಿಯೇ ಕಾಯುತ್ತಿದ್ದೆ ಎನ್ನುವ ದನಿಯಲ್ಲಿ ಕೇಳಿದ: ‘ಹನ್ನೆರಡು ಎಂಬ ಸಂಖ್ಯೆ ಎಲ್ಲಿಂದ ಬಂತು?’

ಆ ಜಗಳ ಇನ್ನೂ ಮುಗಿದಿಲ್ಲ. ಬಾಟಲಿ ಸದ್ಯಕ್ಕೆ ಕಪಾಟಿನಲ್ಲಿ, ಮೊದಲ ಗುಬ್ಬಿಯ ಪಕ್ಕದಲ್ಲಿದೆ.